ಮಾಸ್ಟರ್ ಪ್ಲಾನ್‌ನಲ್ಲಿ ನಮ್ಮ ಜಾಗಕ್ಕೆ ಪಾರ್ಕ್ ಬಣ್ಣ ಬಳಿದಿದ್ದಾರೆ. ಮನೆ ಕಟ್ಟುವ ಹಕ್ಕು ಹೋಯಿತೇ?

ಪ್ರಶ್ನೆ: ನಮ್ಮದು ಜಿಲ್ಲಾ ಕೇಂದ್ರ, ನಗರಸಭೆ ವ್ಯಾಪ್ತಿ. ತಂದೆಯವರಿಂದ ಬಂದ 22 ಗುಂಟೆ ಜಮೀನು ನನ್ನ ಮತ್ತು ತಮ್ಮನ ಹೆಸರಿನಲ್ಲಿ ಜಂಟಿಯಾಗಿದೆ. 2009ರಲ್ಲೇ ವಸತಿ ಉದ್ದೇಶಕ್ಕೆ ಪರಿವರ್ತನೆ ಆಗಿದೆ. ಆಮೇಲೆ ಬಂದ ಮಾಸ್ಟರ್ ಪ್ಲಾನ್‌ನಲ್ಲಿ 9 ಗುಂಟೆಯನ್ನು ಪಾರ್ಕ್ ಎಂದೂ ಸುಮಾರು 3 ಗುಂಟೆಯನ್ನು 18 ಮೀಟರ್ ರಸ್ತೆ ಎಂದೂ ತೋರಿಸಿದ್ದಾರೆ. ಆ ಪ್ಲಾನ್ ಅಂತಿಮವಾಗಿ ರಾಜ್ಯಪತ್ರದಲ್ಲಿ ಪ್ರಕಟವಾದದ್ದು 2012ರಲ್ಲಿ. ಇಂದಿನವರೆಗೆ ಭೂಸ್ವಾಧೀನದ ನೋಟಿಸ್ ಬಂದಿಲ್ಲ, ಹಣವೂ ಇಲ್ಲ. ಇಬ್ಬರೂ ಒಂದೊಂದು ಮನೆ ಕಟ್ಟಿಕೊಳ್ಳೋಣವೆಂದರೆ ಕಚೇರಿಯಲ್ಲಿ ‘ಪಾರ್ಕ್ ಜಾಗ, ಆಗಲ್ಲ’ ಎನ್ನುತ್ತಾರೆ. ಉಳಿದ ಜಾಗಕ್ಕಾದರೂ ಪರವಾನಗಿ ಕೊಡಿ ಎಂದರೆ ‘ರಸ್ತೆ ಜಾಗ ಪುಕ್ಕಟೆ ಬರೆದುಕೊಡಿ’ ಅಥವಾ ‘ಹೊಸ ಮಾಸ್ಟರ್ ಪ್ಲಾನ್ ಬರುತ್ತಿದೆ, ಕಾಯಿರಿ’ ಎನ್ನುತ್ತಾರೆ. ಟಿ.ಪಿ. ಸ್ಕೀಮ್ (ಟೌನ್ ಪ್ಲಾನಿಂಗ್ ಸ್ಕೀಮ್) ಬಂದರೆ ಅರ್ಧ ಜಮೀನೇ ಹೋಗುತ್ತದೆ ಎಂದು ಬ್ರೋಕರ್‌ಗಳು ಹೆದರಿಸುತ್ತಿದ್ದಾರೆ. ನಮಗೆ ಇರುವ ಹಕ್ಕು ಏನು? ಸದ್ಯಕ್ಕೆ ಕಾಂಪೌಂಡ್ ಆದರೂ ಹಾಕಿಕೊಳ್ಳಬಹುದೇ?

ಉತ್ತರ: ನಿಮ್ಮ ಪತ್ರದಲ್ಲಿ ನನಗೆ ಮೊದಲು ಎದ್ದು ಕಂಡದ್ದು ಇದು: ಇಷ್ಟು ವರ್ಷಗಳಲ್ಲಿ ನಿಮಗೆ ‘ಇಲ್ಲ’ ಎಂದು ಯಾರೂ ಬರೆದುಕೊಟ್ಟಿಲ್ಲ. ನೀವೂ ಬರೆದು ಕೇಳಿದಂತೆ ಕಾಣುವುದಿಲ್ಲ. ಕೌಂಟರ್‌ನಲ್ಲಿ ನಡೆದ ಮಾತುಕತೆಗೆ ಕಾನೂನಿನಲ್ಲಿ ಬೆಲೆ ಇಲ್ಲ. ಅದರ ಮೇಲೆ ಮೇಲ್ಮನವಿ ಹಾಕಲಾಗದು, ಹೈಕೋರ್ಟಿಗೂ ಹೋಗಲಾಗದು. ಆದ್ದರಿಂದ ಕಡೆಗೆ ಹೇಳಬೇಕಾದ ಮಾತನ್ನು ಮೊದಲೇ ಹೇಳುತ್ತೇನೆ: ಅರ್ಜಿ ಕೊಡಿ, ಸ್ವೀಕೃತಿ ಪಡೆಯಿರಿ, ಲಿಖಿತ ಹಿಂಬರಹ ಕೇಳಿ. ಮಿಕ್ಕ ಹಕ್ಕುಗಳನ್ನೆಲ್ಲ ಆ ಕಾಗದದ ಮೇಲೆಯೇ ಕೇಳಬೇಕಾಗುತ್ತದೆ.

ಅದಕ್ಕೂ ಮೊದಲು ಒಂದು ವಿಷಯ ಖಾತ್ರಿ ಮಾಡಿಕೊಳ್ಳಬೇಕು. ಆ 9 ಗುಂಟೆ ‘ಪಾರ್ಕ್’ ಆಗಿರುವುದು ಮಾಸ್ಟರ್ ಪ್ಲಾನ್‌ನಲ್ಲಿ ಮಾತ್ರವೋ ಅಥವಾ ಹಿಂದೆ ಯಾರಾದರೂ ಮಂಜೂರು ಮಾಡಿಸಿದ ಬಡಾವಣೆ ನಕ್ಷೆಯಲ್ಲಿಯೋ? ಇವೆರಡಕ್ಕೂ ಅಜಗಜಾಂತರ. ನಿಮ್ಮ ತಂದೆಯವರೋ ಅವರಿಗೆ ಮಾರಿದವರೋ ಆ ಸರ್ವೆ ನಂಬರಿನಲ್ಲಿ ಬಡಾವಣೆ ಮಾಡಿ, ನಿವೇಶನ ಮಾರಿ, ಪಾರ್ಕ್ ಮತ್ತು ಸಿ.ಎ. (ನಾಗರಿಕ ಸೌಲಭ್ಯ) ಜಾಗವನ್ನು ಊರಿನ ಯೋಜನಾ ಪ್ರಾಧಿಕಾರಕ್ಕೆ ಬಿಟ್ಟುಕೊಟ್ಟಿದ್ದರೆ ಆ ಜಾಗ ಇನ್ನು ನಿಮ್ಮದಲ್ಲ. ಪಹಣಿಯಲ್ಲಿ ಹೆಸರು ಮುಂದುವರಿದಿದ್ದರೂ ಮನೆ ಕಟ್ಟುವ ಮಾತು ಮುಗಿಯಿತು. ಬೆಂಗಳೂರಿನ ರಾಜಮಹಲ್ ವಿಲಾಸ್ ಬಡಾವಣೆಯಲ್ಲಿ ಪಾರ್ಕಿಗೆಂದು ಬಿಟ್ಟ ಜಾಗವನ್ನು ನರ್ಸಿಂಗ್ ಹೋಮ್ ಕಟ್ಟಲು ಖಾಸಗಿ ಟ್ರಸ್ಟ್ ಒಂದಕ್ಕೆ ಕೊಟ್ಟಾಗ ಅಲ್ಲಿನ ನಿವಾಸಿಗಳು ಕೋರ್ಟಿಗೆ ಹೋದರು. 1991ರಲ್ಲಿ ಸುಪ್ರೀಂ ಕೋರ್ಟ್ ನಿವಾಸಿಗಳ ಪರವಾಗಿ ತೀರ್ಪು ಕೊಟ್ಟಿತು. ಆ ತೀರ್ಪು ನಮ್ಮ ಊರುಗಳ ಎಷ್ಟೋ ಪಾರ್ಕುಗಳಿಗೆ ಇಂದಿಗೂ ರಕ್ಷಣೆ. ಅದು ಹಾಗೇ ಇರಬೇಕು ಎನ್ನುವವನು ನಾನು. ಹಾಗಾಗಿ ಯೋಜನಾ ಪ್ರಾಧಿಕಾರದಲ್ಲಿ ನಿಮ್ಮ ಸರ್ವೆ ನಂಬರಿಗೆ ಯಾವುದಾದರೂ ಬಡಾವಣೆ ಅನುಮೋದನೆ ಆಗಿದೆಯೇ, ಪರಿತ್ಯಾಜನ ಪತ್ರ (ಜಾಗ ಬಿಟ್ಟುಕೊಟ್ಟ ಪತ್ರ) ನೋಂದಣಿ ಆಗಿದೆಯೇ ಎಂದು ಮಾಹಿತಿ ಹಕ್ಕಿನಲ್ಲಿ ಕೇಳಿ. ಜೊತೆಗೆ ಹಳೆಯ ಋಣಭಾರ ಪತ್ರಗಳನ್ನೂ ತೆಗೆಸಿ ನೋಡಿ.

ನೀವು ಬರೆದಿರುವುದನ್ನು ನೋಡಿದರೆ ಇಡೀ 22 ಗುಂಟೆ ಒಂದೇ ತುಂಡಾಗಿ ಉಳಿದಿದೆ, ಬಡಾವಣೆ ಆದಂತಿಲ್ಲ. ಅದು ನಿಜ ಎಂದುಕೊಂಡು ಮುಂದಿನದನ್ನು ಹೇಳುತ್ತೇನೆ.

ಮಾಸ್ಟರ್ ಪ್ಲಾನ್, ಅಂದರೆ ಮಹಾಯೋಜನೆ, ತಯಾರಾಗುವುದು ಕರ್ನಾಟಕ ನಗರ ಮತ್ತು ಗ್ರಾಮಾಂತರ ಯೋಜನಾ ಕಾಯ್ದೆ 1961ರ ಅಡಿಯಲ್ಲಿ. ಅದರಲ್ಲಿ ನಿಮ್ಮ ಜಾಗಕ್ಕೆ ಹಸಿರು ಬಳಿದ ಮಾತ್ರಕ್ಕೆ ಮಾಲೀಕತ್ವ ಬದಲಾಗುವುದಿಲ್ಲ. ಸರ್ಕಾರ ಹೇಳುತ್ತಿರುವುದು ಇಷ್ಟೇ: ‘ಈ ಜಾಗ ನಮಗೆ ಬೇಕಾಗಬಹುದು.’ ಬೇಕಿದ್ದರೆ ತೆಗೆದುಕೊಳ್ಳಬೇಕು, ಹಣ ಕೊಡಬೇಕು. ತೆಗೆದುಕೊಳ್ಳದೆ, ಹಣ ಕೊಡದೆ, ಕಟ್ಟಲೂ ಬಿಡದೆ ಮಾಲೀಕನನ್ನು ವರ್ಷಾನುಗಟ್ಟಲೆ ಕೂರಿಸುವ ಅಧಿಕಾರವನ್ನು ಕಾಯ್ದೆ ಯಾರಿಗೂ ಕೊಟ್ಟಿಲ್ಲ.

ಇದಕ್ಕೆ ಆಧಾರ ಆ ಕಾಯ್ದೆಯ 69ನೇ ಕಲಂ. ರಸ್ತೆ, ಉದ್ಯಾನ, ಆಟದ ಮೈದಾನ, ಸಾರ್ವಜನಿಕ ಕಟ್ಟಡ ಇಂಥವಕ್ಕೆ ಗುರುತಿಸಿದ ಜಮೀನನ್ನು ಯೋಜನಾ ಪ್ರಾಧಿಕಾರ ಒಪ್ಪಂದದ ಮೂಲಕವೋ ಭೂಸ್ವಾಧೀನ ಕಾನೂನಿನ ಮೂಲಕವೋ ಪಡೆಯಬಹುದು ಎಂದು ಅದರ ಮೊದಲ ಉಪಕಲಂ ಹೇಳುತ್ತದೆ. ಎರಡನೆಯದು ನಿಮ್ಮಂಥವರಿಗಾಗಿಯೇ ಇರುವುದು: ಅಂತಿಮ ಮಹಾಯೋಜನೆ ರಾಜ್ಯಪತ್ರದಲ್ಲಿ ಪ್ರಕಟವಾದ ದಿನದಿಂದ 5 ವರ್ಷದೊಳಗೆ ಒಪ್ಪಂದವೂ ಆಗದೆ, ಸ್ವಾಧೀನದ ಪ್ರಕ್ರಿಯೆಯೂ ಶುರುವಾಗದೆ ಹೋದರೆ ಆ ಗುರುತು ರದ್ದಾದಂತೆಯೇ. 2012ಕ್ಕೆ 5 ಸೇರಿಸಿದರೆ 2017. ಅಂದರೆ ಪಾರ್ಕಿನ ಹಸಿರು, ರಸ್ತೆಯ ಗೆರೆ ಎರಡಕ್ಕೂ ನಿಮ್ಮ ಮಟ್ಟಿಗೆ ಅವಧಿ ಮೀರಿದೆ.

ಬೇರೆ ರಾಜ್ಯದ ಮಾಲೀಕರಿಗಿಂತ ಇದರಲ್ಲಿ ನಮ್ಮವರ ಸ್ಥಿತಿ ಉತ್ತಮ. ಗುಜರಾತ್‌ನಲ್ಲಿ 10 ವರ್ಷ ಕಾದು, ಆಮೇಲೆ ಮಾಲೀಕನೇ ನೋಟಿಸ್ ಕೊಟ್ಟು, ಇನ್ನೂ 6 ತಿಂಗಳು ಕಾಯಬೇಕು. ಆ ಗುಜರಾತ್ ಕಾನೂನಿನ ಮೇಲೆಯೇ 2002ರಲ್ಲಿ ಸುಪ್ರೀಂ ಕೋರ್ಟ್ ತೀರ್ಪು ಕೊಟ್ಟ ಭಾವನಗರ ವಿಶ್ವವಿದ್ಯಾಲಯದ ಪ್ರಕರಣ ನಿಮಗೆ ಬಹಳ ಉಪಯೋಗಕ್ಕೆ ಬರುತ್ತದೆ. ಅಲ್ಲಿ ಪ್ರಾಧಿಕಾರದವರ ವಾದ ಹೀಗಿತ್ತು: ಪ್ಲಾನ್ ಪರಿಷ್ಕರಣೆ ನಡೆಯುತ್ತಿದೆ, ಆದ್ದರಿಂದ ಹಳೆಯ ಕಾಯ್ದಿರಿಸುವಿಕೆ ಜೀವಂತವಾಗಿಯೇ ಇದೆ. ಕೋರ್ಟ್ ಒಪ್ಪಲಿಲ್ಲ. ಅವಧಿ ಮೀರಿದ್ದರಿಂದ ಮಾಲೀಕನಿಗೆ ದಕ್ಕಿದ ಹಕ್ಕನ್ನು ಪ್ಲಾನ್ ಪರಿಷ್ಕರಿಸುವ ಅಧಿಕಾರದಿಂದ ಅಳಿಸಿಹಾಕಲಾಗದು ಎಂದಿತು. ನಿಮಗೂ ‘ಹೊಸ ಪ್ಲಾನ್ ಬರುತ್ತಿದೆ’ ಎಂದೇ ಅಲ್ಲವೇ ಹೇಳುತ್ತಿರುವುದು?

ಆದರೆ ಕಲಂ ಪ್ರಕಾರ ರದ್ದಾಯಿತು ಎಂದ ಮಾತ್ರಕ್ಕೆ ಕಚೇರಿಯ ಗೋಡೆಯ ಮೇಲಿನ ನಕ್ಷೆ ತಾನಾಗಿ ಬಣ್ಣ ಬದಲಿಸುವುದಿಲ್ಲ. ನಗರಸಭೆಯ ಎಂಜಿನಿಯರ್ ಕಂಪ್ಯೂಟರ್ ತೆರೆದರೆ ಅವರಿಗೆ ಕಾಣುವುದು ಈಗಲೂ ಹಸಿರೇ. ಅವರಾಗಿಯೇ 69ನೇ ಕಲಂ ಓದಿ ಸಹಿ ಹಾಕುತ್ತಾರೆ ಎಂದು ನಿರೀಕ್ಷಿಸಬೇಡಿ. ಇನ್ನೂ ಒಂದು ಎಚ್ಚರಿಕೆ: ಆ 9 ಗುಂಟೆ ಹಸಿರಾಗಿರುವುದಕ್ಕೆ ಕಾರಣ ಪಕ್ಕದಲ್ಲಿ ಹಳ್ಳವೋ ಕೆರೆಯೋ ಇರುವುದಾದರೆ ಲೆಕ್ಕವೇ ಬೇರೆ. ಹಳ್ಳದ ಬಫರ್ ಎಂಬುದು ಸರ್ಕಾರ ಕೊಂಡುಕೊಳ್ಳಲು ಗುರುತಿಸಿದ ಜಾಗವಲ್ಲ. ಅಲ್ಲಿ ಕಟ್ಟಬಾರದು ಎಂಬ ನಿಯಮ ಅದು. ಅದಕ್ಕೆ 5 ವರ್ಷದ ಗಡುವು ಅನ್ವಯಿಸುವುದಿಲ್ಲ, ಮಳೆಗಾಲದಲ್ಲಿ ನೀರು ಎಲ್ಲಿಗೆ ಹೋಗಬೇಕು ಎಂದು ಯೋಚಿಸಿದರೆ ಅನ್ವಯಿಸಲೂ ಬಾರದು. ವಲಯ ನಿಯಮಾವಳಿಯ ಪುಸ್ತಕದಲ್ಲಿ ನಿಮ್ಮ ಜಾಗಕ್ಕೆ ನಿಖರವಾಗಿ ಯಾವ ಪದ ಬಳಸಿದ್ದಾರೆ ನೋಡಿ.

ಈಗ ಅರ್ಜಿಯ ವಿಷಯ. ನೀವು ಹೋಗಬೇಕಾದ ಬಾಗಿಲು ಎರಡು, ನಮ್ಮ ಜನ ಹೆಚ್ಚಾಗಿ ಎಡವುವುದು ಇಲ್ಲೇ. ಭೂಮಿಯ ಉಪಯೋಗ ಮತ್ತು ಅಭಿವೃದ್ಧಿಗೆ ಅನುಮತಿ ಕೊಡುವವರು ಯೋಜನಾ ಪ್ರಾಧಿಕಾರ, 1961ರ ಕಾಯ್ದೆಯ 14 ಮತ್ತು 15ನೇ ಕಲಂಗಳಂತೆ. ಕಟ್ಟಡದ ಪರವಾನಗಿ ಕೊಡುವವರು ನಗರಸಭೆ, ಪುರಸಭೆಗಳ ಕಾಯ್ದೆ 1964ರ 187ನೇ ಕಲಂನಂತೆ. ಪಾಲಿಕೆ ಆಗಿದ್ದರೆ 1976ರ ಪಾಲಿಕೆಗಳ ಕಾಯ್ದೆಯ 299ನೇ ಕಲಂ. ನೀವು ನಗರಸಭೆಯ ಬಾಗಿಲನ್ನಷ್ಟೇ ತಟ್ಟಿದ್ದೀರಿ ಎನಿಸುತ್ತದೆ. ಮೊದಲು ಪ್ರಾಧಿಕಾರಕ್ಕೆ ಹೋಗಿ. ನಿಮ್ಮದು ನಿವೇಶನಗಳಾಗಿ ವಿಂಗಡಣೆಯಾಗದ ಜಮೀನು, ಆದ್ದರಿಂದ ಅಲ್ಲಿ 17ನೇ ಕಲಂ ಅಡಿ ಏಕ ನಿವೇಶನ ವಿನ್ಯಾಸದ, ಅಂದರೆ ಇಡೀ ಜಮೀನನ್ನು ಒಂದೇ ನಿವೇಶನವಾಗಿ ತೋರಿಸುವ ನಕ್ಷೆಯ, ಅನುಮೋದನೆ ಬೇಕು. ಅಣ್ಣ ತಮ್ಮ ಇಬ್ಬರೂ ಸಹಿ ಹಾಕಿ. ಬೇರೆ ಬೇರೆ ಮನೆ, ಬೇರೆ ಬೇರೆ ಖಾತೆ ಬೇಕಿದ್ದರೆ ಮೊದಲೇ ವಿಭಾಗ ಪತ್ರ ಮಾಡಿಕೊಂಡು ನಕ್ಷೆಯನ್ನು ಅದಕ್ಕೆ ಹೊಂದಿಸುವುದೋ, ಅನುಮೋದನೆಯಾದ ಮೇಲೆ ವಿಭಾಗವೋ ಎಂದು ಅಲ್ಲಿಯ ನಗರ ಯೋಜಕರನ್ನೇ ಕೇಳಿ ತೀರ್ಮಾನಿಸಿ. ಈ ಕ್ರಮ ತಪ್ಪಿದರೆ ಮತ್ತೆ ಒಂದು ಸುತ್ತು ಓಡಾಟ.

ಅರ್ಜಿಯ ಜೊತೆ ಪರಿವರ್ತನೆ ಆದೇಶ, ಸರ್ವೆ ನಕ್ಷೆ, 2012ರ ರಾಜ್ಯಪತ್ರ ಅಧಿಸೂಚನೆಯ ಪ್ರತಿ ಇಡಿ. ಕಾಗದದಲ್ಲಿ ಹೆಚ್ಚು ಕಥೆ ಬೇಡ. ಹೀಗೆ ಬರೆದರೆ ಸಾಕು: ‘ಸದರಿ ಜಮೀನಿನ 9 ಗುಂಟೆಯನ್ನು ಉದ್ಯಾನಕ್ಕೂ 3 ಗುಂಟೆಯನ್ನು ರಸ್ತೆಗೂ ಗುರುತಿಸಲಾಗಿತ್ತು. ಪ್ರಕಟಣೆಯ ದಿನದಿಂದ 5 ವರ್ಷದೊಳಗೆ ಒಪ್ಪಂದವಾಗಲೀ ಭೂಸ್ವಾಧೀನ ಪ್ರಕ್ರಿಯೆಯಾಗಲೀ ಆಗಿಲ್ಲದ ಕಾರಣ 69(2)ನೇ ಕಲಂ ಪ್ರಕಾರ ಈ ಗುರುತು ರದ್ದಾಗಿದೆ. ಸುತ್ತಲಿನ ಜಮೀನು ವಸತಿ ವಲಯದಲ್ಲಿದೆ. ಆದ್ದರಿಂದ ವಸತಿ ಉಪಯೋಗಕ್ಕೆ ಅನುಮತಿ ನೀಡಬೇಕು. ನೀಡಲಾಗದಿದ್ದರೆ ಕಾರಣ ಸಹಿತ ಲಿಖಿತ ಹಿಂಬರಹ ನೀಡಬೇಕು.’ ಟಪಾಲು ವಿಭಾಗದಲ್ಲಿ ಕೊಟ್ಟು, ನಿಮ್ಮ ಪ್ರತಿಯ ಮೇಲೆ ಮೊಹರು ಮತ್ತು ಇನ್‌ವರ್ಡ್ ನಂಬರ್ ಹಾಕಿಸಿಕೊಂಡೇ ಬನ್ನಿ. ‘ಇಟ್ಟು ಹೋಗಿ, ನೋಡ್ತೀವಿ’ ಎಂದರೆ ಇಡಬೇಡಿ. ಅಲ್ಲಿಂದಲೇ ಅಂಚೆ ಕಚೇರಿಗೆ ಹೋಗಿ ರಿಜಿಸ್ಟರ್ಡ್ ಪೋಸ್ಟ್ ಮಾಡಿ.

ಸ್ವೀಕೃತಿಯ ದಿನದಿಂದ 3 ತಿಂಗಳೊಳಗೆ ಪ್ರಾಧಿಕಾರ ತನ್ನ ತೀರ್ಮಾನ ತಿಳಿಸದಿದ್ದರೆ ಅನುಮತಿ ಕೊಟ್ಟಂತೆಯೇ ಎಂದು 15ನೇ ಕಲಂ ಹೇಳುತ್ತದೆ. ಅದನ್ನು ನಂಬಿಕೊಂಡು ಪಾಯ ತೋಡಲು ಹೋಗಬೇಡಿ, ನಗರಸಭೆಯ ಪರವಾನಗಿ ಪ್ರತ್ಯೇಕವಾಗಿ ಬೇಕೇ ಬೇಕು. ಆದರೆ ನಾಳೆ ಹೈಕೋರ್ಟಿನಲ್ಲಿ ನಿಮ್ಮ ಕೈಗೆ ಅದು ಬಲವಾದ ಅಸ್ತ್ರ.

‘ಹೊಸ ಮಾಸ್ಟರ್ ಪ್ಲಾನ್ ಬರುವವರೆಗೆ ಕಾಯಿರಿ’ ಎಂಬ ಮಾತಿಗೆ ನಮ್ಮ ಬೆಂಗಳೂರಿನದೇ ಪ್ರಕರಣದಲ್ಲಿ ಉತ್ತರವಿದೆ. ಟಿ. ವಿಜಯಲಕ್ಷ್ಮಿ ಪ್ರಕರಣ ಎಂದೇ ವಕೀಲರು ಅದನ್ನು ಕರೆಯುವುದು, 2006ರ ಸುಪ್ರೀಂ ಕೋರ್ಟ್ ತೀರ್ಪು. ವಸತಿ ಪ್ರದೇಶದಲ್ಲಿ ಮನೆ ಕಟ್ಟುವುದು ಮಾಲೀಕನ ಬೆಲೆಯುಳ್ಳ ಹಕ್ಕು, ಕಾನೂನು ಅದನ್ನು ನಿಯಂತ್ರಿಸಬಹುದೇ ಹೊರತು ಸ್ಪಷ್ಟ ಕಲಂ ಇಲ್ಲದೆ ಕಿತ್ತುಕೊಳ್ಳಲಾಗದು ಎಂದು ಕೋರ್ಟ್ ಹೇಳಿತು. ನಕ್ಷೆಯ ಅರ್ಜಿಯನ್ನು ಇಂದು ಜಾರಿಯಲ್ಲಿರುವ ಕಾನೂನಿನಂತೆ ತೀರ್ಮಾನಿಸಬೇಕು, ಮುಂದೆ ಬರಲಿರುವುದನ್ನು ತೋರಿಸಿ ಮುಂದೂಡಬಾರದು. ಕರಡು ಎಂದರೆ ಕರಡು, ಅಷ್ಟೇ. ಬೆಂಗಳೂರನ್ನೇ ನೋಡಿ: 2031ಕ್ಕೆಂದು 2017ರಲ್ಲಿ ಪ್ರಕಟಿಸಿದ ಕರಡು ಮಹಾಯೋಜನೆಯನ್ನು ಸರ್ಕಾರವೇ ಹಿಂದಕ್ಕೆ ಪಡೆಯಿತು. ಆ ಕರಡನ್ನು ನಂಬಿ ಕಾದವರಿಗೆ ಸಿಕ್ಕಿದ್ದೇನು?

ಆದರೆ ಇದರ ಇನ್ನೊಂದು ಮುಖವೂ ನಿಮಗೆ ತಿಳಿದಿರಲಿ. ಅರ್ಜಿ ಕೊಟ್ಟ ದಿನದ ನಿಯಮವೇ ಕಡೆಯವರೆಗೂ ನಮಗೆ ಅನ್ವಯ ಎಂಬ ಹಕ್ಕು ಇಲ್ಲ. ಮಂಜೂರಾತಿಯ ದಿನ ಯಾವ ನಿಯಮ ಜಾರಿಯಲ್ಲಿರುತ್ತದೋ ಅದೇ ಲಾಗು ಎಂದು 1992ರಲ್ಲೂ 2003ರಲ್ಲೂ ಸುಪ್ರೀಂ ಕೋರ್ಟ್ ಹೇಳಿದೆ. ಹೊಸ ಪ್ಲಾನ್ ಅಂತಿಮಗೊಂಡು ನಿಮ್ಮ ಜಾಗಕ್ಕೆ ಮತ್ತೆ ಪಾರ್ಕ್ ಬಣ್ಣ ಬಿದ್ದರೆ ಹೋರಾಟ ಜಟಿಲವಾಗುತ್ತದೆ. ಆದ್ದರಿಂದ ತಡಮಾಡದೆ ಅರ್ಜಿ ಕೊಡಿ. ಕರಡು ಪ್ರಕಟವಾದಾಗ ಆಕ್ಷೇಪಣೆಗೆ ಕಾಲಾವಕಾಶ ಕೊಡುತ್ತಾರೆ, ಅದರೊಳಗೆ 69(2)ನ್ನು ಉಲ್ಲೇಖಿಸಿ ಆಕ್ಷೇಪಣೆ ಸಲ್ಲಿಸಿ. ದಿನಪತ್ರಿಕೆಯ ಒಳಪುಟದ ಸಣ್ಣ ಅಕ್ಷರದ ಪ್ರಕಟಣೆಗಳ ಮೇಲೆ ಕಣ್ಣಿಟ್ಟಿರಿ.

ಪ್ರಾಧಿಕಾರ ನಿರಾಕರಿಸಿದರೆ ಮೂರು ದಾರಿಗಳಿವೆ. 14ಎ ಕಲಂ ಅಡಿ ಭೂ ಉಪಯೋಗ ಬದಲಾವಣೆ ಕೇಳುವುದು ಒಂದು. ಪತ್ರಿಕೆಯಲ್ಲಿ ಪ್ರಕಟಣೆ, ಸಾರ್ವಜನಿಕರ ಆಕ್ಷೇಪಣೆ, ಸರ್ಕಾರದ ಒಪ್ಪಿಗೆ ಎಲ್ಲ ಬೇಕು, ನಿಧಾನ. ಎರಡನೆಯದು ಹೆಚ್ಚು ಜನರಿಗೆ ಗೊತ್ತೇ ಇಲ್ಲದ 16ನೇ ಕಲಂ: ಅನುಮತಿ ನಿರಾಕರಣೆಯಿಂದ ಜಮೀನು ಯಾವ ಉಪಯೋಗಕ್ಕೂ ಬಾರದಂತಾಯಿತು ಎಂದಾದರೆ ‘ಹಾಗಾದರೆ ನೀವೇ ಕೊಂಡುಕೊಳ್ಳಿ’ ಎಂದು ಸರ್ಕಾರಕ್ಕೆ ಖರೀದಿ ನೋಟಿಸ್ ಕೊಡಬಹುದು. ನಿಮಗೆ ಮನೆಯೇ ಬೇಕಾಗಿರುವುದರಿಂದ ಇದು ಕಡೆಯ ಮಾತಾಗಲಿ. ಮೂರನೆಯದು, ನನ್ನ ದೃಷ್ಟಿಯಲ್ಲಿ ನಿಮಗೆ ಸರಿಯಾದದ್ದು, ಹೈಕೋರ್ಟಿನಲ್ಲಿ ರಿಟ್ ಅರ್ಜಿ. ಗುರುತು ರದ್ದಾಗಿದೆ ಎಂದು ಘೋಷಿಸಿ, ಅರ್ಜಿಯನ್ನು ಇಂತಿಷ್ಟು ದಿನದೊಳಗೆ ತೀರ್ಮಾನಿಸಲು ನಿರ್ದೇಶನ ಕೊಡಿ ಎಂದು ಕೇಳುವುದು. ನಿಮ್ಮ ಜಿಲ್ಲೆಗೆ ತಕ್ಕಂತೆ ಬೆಂಗಳೂರು, ಧಾರವಾಡ ಅಥವಾ ಕಲಬುರಗಿ ಪೀಠ.

ರಸ್ತೆಯ 3 ಗುಂಟೆಯ ಬಗ್ಗೆ ಸ್ವಲ್ಪ ಬೇರೆ ರೀತಿ ಯೋಚಿಸಿ. ಕಾನೂನಿನ ಪ್ರಕಾರ ಅದೂ ರದ್ದಾದ ಗುರುತೇ. ಆದರೆ ಊರು ಬೆಳೆಯುತ್ತಿದ್ದರೆ ಆ ರಸ್ತೆ ಇಂದಲ್ಲ ನಾಳೆ ಬರುತ್ತದೆ, ಬಂದರೆ ನಿಮಗೂ ಒಳ್ಳೆಯದೇ: ಎಷ್ಟು ಮಹಡಿ, ಎಷ್ಟು ಎಫ್‌ಎಆರ್ (ನಿವೇಶನದ ಅಳತೆಯ ಎಷ್ಟು ಪಟ್ಟು ಕಟ್ಟಬಹುದು ಎಂಬ ಲೆಕ್ಕ) ಎಂಬುದು ಮುಂದಿನ ರಸ್ತೆಯ ಅಗಲದ ಮೇಲೆ ನಿಂತಿರುತ್ತದೆ. ಆ ಪಟ್ಟಿಯನ್ನು ಖಾಲಿ ಬಿಟ್ಟು, ಅದರ ಅಂಚಿನಿಂದಲೇ ಸೆಟ್‌ಬ್ಯಾಕ್ (ಮನೆಯ ಸುತ್ತ ಬಿಡಬೇಕಾದ ಜಾಗ) ಲೆಕ್ಕ ಹಾಕಿ ಮನೆ ಕಟ್ಟಿ. ನಾಳೆ ರಸ್ತೆ ಅಗಲವಾದಾಗ ನಿಮ್ಮ ವರಾಂಡಕ್ಕೆ ಕೆಂಪು ಗುರುತು ಬೀಳುವುದಿಲ್ಲ. ಖಾಲಿ ಬಿಡುವುದು ಬೇರೆ, ಪುಕ್ಕಟೆ ಬರೆದುಕೊಡುವುದು ಬೇರೆ. ಬಡಾವಣೆ ಮಾಡುವವನು ರಸ್ತೆ, ಪಾರ್ಕ್ ಬಿಟ್ಟುಕೊಡಬೇಕಾಗುತ್ತದೆ, ಏಕೆಂದರೆ ಅವನು ನಿವೇಶನ ಮಾರುತ್ತಾನೆ, ಆ ರಸ್ತೆ ಅವನ ಗ್ರಾಹಕರಿಗೇ ಬೇಕು. ಎರಡು ಮನೆ ಕಟ್ಟಿಕೊಳ್ಳುವ ಅಣ್ಣತಮ್ಮಂದಿರಿಂದ ಇಡೀ ಊರಿನ 18 ಮೀಟರ್ ರಸ್ತೆಗೆ 3,267 ಚದರ ಅಡಿ ಉಚಿತವಾಗಿ ಕೇಳುವುದು ನ್ಯಾಯವಲ್ಲ. ಆಸ್ತಿಯ ಹಕ್ಕು 1978ರ 44ನೇ ತಿದ್ದುಪಡಿಯಿಂದ ಮೂಲಭೂತ ಹಕ್ಕಾಗಿ ಉಳಿಯಲಿಲ್ಲ, ನಿಜ. ಆದರೆ 300ಎ ವಿಧಿ ಅದನ್ನು ಸಂವಿಧಾನದೊಳಗೇ ಇಟ್ಟಿದೆ. 2024ರ ಮೇ ತಿಂಗಳಲ್ಲಿ ಕೋಲ್ಕತ್ತ ಪಾಲಿಕೆಯ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಆ ವಿಧಿಯೊಳಗೆ ಏಳು ಹಕ್ಕುಗಳಿವೆ ಎಂದು ಬಿಡಿಸಿ ಹೇಳಿತು. ನೋಟಿಸ್, ಅಹವಾಲು ಆಲಿಸುವುದು, ಕಾರಣ ಸಹಿತ ಆದೇಶ, ನ್ಯಾಯವಾದ ಪರಿಹಾರ ಎಲ್ಲವೂ ಅದರಲ್ಲಿ ಸೇರಿವೆ.

ಕೊಡಲೇಬೇಕಾದ ಸಂದರ್ಭ ಬಂದರೆ ಬದಲಿಗೆ ಏನಾದರೂ ಪಡೆದೇ ಕೊಡಿ. 14ಬಿ ಕಲಂ ಅಡಿ ಟಿಡಿಆರ್ ಎಂಬ ವ್ಯವಸ್ಥೆ ಇದೆ: ಬಿಟ್ಟುಕೊಟ್ಟ ಜಾಗಕ್ಕೆ ಹಣದ ಬದಲು ಅಭಿವೃದ್ಧಿ ಹಕ್ಕಿನ ಪ್ರಮಾಣಪತ್ರ. ಅದನ್ನು ನೀವೇ ಹೆಚ್ಚುವರಿ ಮಹಡಿಗೆ ಬಳಸಬಹುದು ಅಥವಾ ಬಿಲ್ಡರ್‌ಗೆ ಮಾರಬಹುದು. ದೊಡ್ಡ ನಗರಗಳಲ್ಲಿ ಅದನ್ನು ಕೊಳ್ಳುವವರಿದ್ದಾರೆ. ಜಿಲ್ಲಾ ಕೇಂದ್ರದಲ್ಲಿ ಕೊಳ್ಳುವವರು ಸಿಗುವುದು ಕಷ್ಟ, ಅದು ಬೀರುವಿನಲ್ಲಿ ಉಳಿಯುವ ಕಾಗದವಾದೀತು. ನಗರ ಪ್ರದೇಶದಲ್ಲಿ 2013ರ ಭೂಸ್ವಾಧೀನ ಕಾಯ್ದೆಯಂತೆ ಪರಿಹಾರ ಎಂದರೆ ಮಾರುಕಟ್ಟೆ ಬೆಲೆಯ ಜೊತೆಗೆ ಅಷ್ಟೇ ಮೊತ್ತದ ಸಾಂತ್ವನ ಧನ, ಅಂದರೆ ಸುಮಾರು ಎರಡು ಪಟ್ಟು. ನಿಮ್ಮ ಊರಿನ ಮಟ್ಟಿಗೆ ನನ್ನ ಆಯ್ಕೆ ಹಣವೇ.

ಇನ್ನು ಟಿ.ಪಿ. ಸ್ಕೀಮ್. ಬ್ರೋಕರ್‌ಗಳು ಹೇಳುವುದರಲ್ಲಿ ಅರ್ಧ ನಿಜವಿದೆ. ಬಾಂಬೆ ಪ್ರಾಂತ್ಯದ 1915ರ ಕಾನೂನಿನಿಂದ ಬಂದ ಪದ್ಧತಿ ಇದು. ನಮ್ಮ 1961ರ ಕಾಯ್ದೆಯಲ್ಲೂ 26ನೇ ಕಲಂನಿಂದ ಮುಂದಕ್ಕೆ ಇದೆ, ಬಳಕೆ ಮಾತ್ರ ಅಪರೂಪ. ನಿಜವಾಗಿ ಇದು ಬೇರೂರಿರುವುದು ಗುಜರಾತ್‌ನಲ್ಲಿ. ಒಂದು ಪ್ರದೇಶದ ಎಲ್ಲ ಜಮೀನುಗಳನ್ನೂ ಕಾಗದದ ಮೇಲೆ ಒಟ್ಟುಮಾಡಿ, ರಸ್ತೆ, ಪಾರ್ಕ್, ಶಾಲೆಗೆ ಬೇಕಾದಷ್ಟು ಎಲ್ಲರಿಂದಲೂ ಒಂದೇ ಅಳತೆಯಲ್ಲಿ ಕಳೆದು, ಉಳಿದದ್ದನ್ನು ಚೌಕಟ್ಟಾದ ನಿವೇಶನವಾಗಿ ಅದೇ ಮಾಲೀಕರಿಗೆ ಹಿಂದಿರುಗಿಸುತ್ತಾರೆ. ಅಲ್ಲಿನ 1976ರ ಕಾಯ್ದೆಯಲ್ಲಿ ರಸ್ತೆಗೆ 15%, ಉದ್ಯಾನಕ್ಕೆ 5%, ಸಾಮಾಜಿಕ ಸೌಲಭ್ಯಕ್ಕೆ 5%, ವೆಚ್ಚ ತುಂಬಿಸಲು ಪ್ರಾಧಿಕಾರ ಮಾರುವ ಜಾಗಕ್ಕೆ 15% ಎಂಬ ಲೆಕ್ಕವಿದೆ. ಜಮೀನಿನ ಬೆಲೆ ಏರಿದ್ದಕ್ಕೆ ಏರಿಕೆಯ ಅರ್ಧದವರೆಗೆ ವಂತಿಗೆಯನ್ನೂ ಕೇಳಬಹುದು. ಅಳತೆ ಕಡಿಮೆಯಾಗುತ್ತದೆ, ಆದರೆ ದಾರಿಯೇ ಇಲ್ಲದ ಹೊಲಕ್ಕೆ ರಸ್ತೆ, ಚರಂಡಿ ಬರುತ್ತದೆ. ನಿಮ್ಮೊಬ್ಬರ ತಲೆಯ ಮೇಲೆಯೇ ಇಡೀ ಊರಿನ ಪಾರ್ಕ್ ಹೊರಿಸುವುದಕ್ಕಿಂತ ಇದು ನ್ಯಾಯವಾದ ದಾರಿ ಎಂದೇ ನನ್ನ ಅಭಿಪ್ರಾಯ.

ಅಪಾಯವಿರುವುದು ಕಾಲಹರಣದಲ್ಲಿ. ಅಹಮದಾಬಾದಿನ ಕೋಟೆಗೋಡೆ ಸುಧಾರಣೆಯ 5ನೇ ನಂಬರಿನ ಸ್ಕೀಮ್‌ಗೆ ಅಲ್ಲಿನ ಪುರಸಭೆ ಉದ್ದೇಶ ಘೋಷಿಸಿದ್ದು 1927ರಲ್ಲಿ, ಸ್ಕೀಮ್ ಜಾರಿಗೆ ಬಂದದ್ದು 1957ರಲ್ಲಿ. ಮಾಲೀಕ ಕಳೆದುಕೊಂಡ ಜಾಗಕ್ಕೆ ಬೆಲೆ ಕಟ್ಟಿದ್ದು 30 ವರ್ಷ ಹಿಂದಿನ, ಘೋಷಣೆಯ ದಿನದ ದರದಲ್ಲಿ. 1969ರಲ್ಲಿ ಶಾಂತಿಲಾಲ್ ಮಂಗಳದಾಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಅದನ್ನು ಸಂವಿಧಾನಬದ್ಧ ಎಂದೇ ಎತ್ತಿಹಿಡಿಯಿತು. 1985ರಲ್ಲಿ ಸೂರತ್‌ನ ಇನ್ನೊಂದು ಸ್ಕೀಮ್‌ನ ಪ್ರಕರಣದಲ್ಲೂ ಅದೇ ನಿಲುವು. ಆದ್ದರಿಂದ ನಿಮ್ಮ ಊರಿನಲ್ಲಿ ನಿಜವಾಗಿಯೂ ಟಿ.ಪಿ. ಸ್ಕೀಮ್‌ನ ಉದ್ದೇಶ ಘೋಷಣೆಯಾದರೆ, ಆ ದಿನದಿಂದ ಅನುಮತಿ ಇಲ್ಲದೆ ಇಟ್ಟಿಗೆಯನ್ನೂ ಇಡುವಂತಿಲ್ಲ ಎಂಬುದು ನೆನಪಿರಲಿ. ಕರಡು ಸ್ಕೀಮ್‌ನಲ್ಲಿ ನಿಮ್ಮ ಮೂಲ ನಿವೇಶನ ಯಾವುದು, ಹಿಂದಿರುಗಿ ಸಿಗುವುದು ಎಲ್ಲಿ, ಎಷ್ಟು ಎಂಬ ಪಟ್ಟಿ ಇರುತ್ತದೆ. ಅದನ್ನು ನೋಡಿ ಆಕ್ಷೇಪಣೆ ಹಾಕಬೇಕಾದದ್ದು ಆಗಲೇ. ಈಗ ಬರೇ ಗಾಳಿಮಾತು ಕೇಳಿ ಬ್ರೋಕರ್‌ಗೆ ಕಡಿಮೆ ಬೆಲೆಗೆ ಮಾರಬೇಡಿ.

ಒಂದು ಮಾತನ್ನು ಒತ್ತಿ ಹೇಳಬೇಕು. ಬೇಸತ್ತು ಪರವಾನಗಿ ಇಲ್ಲದೆ ಕಟ್ಟಿಬಿಡೋಣ, ಆಮೇಲೆ ಅಕ್ರಮ ಸಕ್ರಮದಲ್ಲಿ ಸರಿಮಾಡಿಕೊಳ್ಳೋಣ ಎನ್ನುವವರು ಎಲ್ಲ ಊರಲ್ಲೂ ಇದ್ದಾರೆ. ಆ ಯೋಜನೆಗೆ ಸುಪ್ರೀಂ ಕೋರ್ಟ್ 2017ರ ಜನವರಿಯಲ್ಲೇ ತಡೆ ಕೊಟ್ಟಿದೆ. ಅದೇ ಕೋರ್ಟಿನ 2024ರ ಡಿಸೆಂಬರ್‌ನ ತೀರ್ಪಿನ ನಂತರ, ಸ್ವಾಧೀನಾನುಭವ ಪತ್ರವೋ ಪೂರ್ಣಗೊಂಡ ಪ್ರಮಾಣಪತ್ರವೋ ಇಲ್ಲದ ಕಟ್ಟಡಕ್ಕೆ ವಿದ್ಯುತ್, ನೀರಿನ ಸಂಪರ್ಕ ಸಿಗುವುದೇ ಕಷ್ಟವಾಗಿದೆ. ಹಕ್ಕು ನಿಮ್ಮ ಪರವಾಗಿರುವಾಗ ಅದನ್ನು ಕೈಯಾರೆ ಕೆಡಿಸಿಕೊಳ್ಳಬೇಡಿ.

ಕಾಂಪೌಂಡ್ ಬಗ್ಗೆ ಕೇಳಿದ್ದೀರಿ. ಇಟ್ಟಿಗೆ ಗೋಡೆಗೂ ನಗರಸಭೆಯ ಅನುಮತಿ ಬೇಕಾಗುತ್ತದೆ, ಈಗಲೇ ಎಬ್ಬಿಸಿದರೆ ‘ಅನಧಿಕೃತ ನಿರ್ಮಾಣ’ ಎಂಬ ನೋಟಿಸ್‌ಗೆ ನೀವೇ ದಾರಿ ಮಾಡಿಕೊಟ್ಟಂತೆ. ಸರ್ವೆ ಇಲಾಖೆಯಿಂದ ಹದ್ದುಬಸ್ತು ಮಾಡಿಸಿ, ನಾಲ್ಕು ಮೂಲೆಗೆ ಕಲ್ಲು ನೆಟ್ಟು, ತಂತಿ ಬೇಲಿ ಹಾಕಿ. ರಸ್ತೆಯ ಪಟ್ಟಿಯನ್ನೂ ಬೇಲಿಯ ಒಳಗೇ ಇಟ್ಟುಕೊಳ್ಳಿ, ಹೊರಗೆ ಬಿಟ್ಟರೆ ಜನ ಓಡಾಡಿ ಓಡಾಡಿ ಅದು ದಾರಿಯೇ ಆಗಿಬಿಡುತ್ತದೆ. ಪ್ರತಿ ವರ್ಷದ ಆಸ್ತಿ ತೆರಿಗೆಯನ್ನು ಪೂರ್ತಿ 22 ಗುಂಟೆಗೂ ಕಟ್ಟಿ, ರಸೀದಿಗಳನ್ನು ಜೋಪಾನವಾಗಿಡಿ. ಪಾರ್ಕ್ ಎಂದು ಹೇಳುತ್ತಿರುವ ಜಾಗಕ್ಕೂ ನಗರಸಭೆಯೇ ನಿಮ್ಮಿಂದ ತೆರಿಗೆ ಪಡೆದಿದೆ ಎಂಬುದು ರಿಟ್ ಅರ್ಜಿಯ ಜೊತೆ ಲಗತ್ತಿಸಲು ಒಳ್ಳೆಯ ದಾಖಲೆ.